ಕನ್ನಡಕ ಹಾಕಿ ಎಸೆದ ಚೆಂಡು

ಸೇಂಟ್ ಲೂಯಿಸ್,
ಜುಲೈ 19, 1944

ಪ್ರೀತಿಯ ವಿಲ್ಮಕ್ಕ,

ನಿನ್ನ ಕೆಮ್ಮು ಹೇಗಿದೆ? ಮದ್ದುಗುಂಡಿನ ಕಾರ್ಖಾನೆಯಲ್ಲಿ ಮೂಗಿಗೆ ಬಟ್ಟೆ ಕಟ್ಟಿಕೋ ಎಂದರೆ ನೀನು ಕೇಳುವವಳಲ್ಲ. ನಾನು ಹೊತ್ತಿಗೆ ಸರಿಯಾಗಿ ತಿನ್ನುತ್ತಿದ್ದೇನೆ. ಆದರೆ ಅಕ್ಕ, ನನಗೆ ತುಂಬಾ ಹೆದರಿಕೆಯಾಗಿದೆ.

ನಾನು ಬೇಸ್‌ಬಾಲಿನ ದೊಡ್ಡ ಲೀಗಿಗೆ ಬಂದದ್ದು ಹೇಗೆಂದು ನಿನಗೆ ಗೊತ್ತು. ಚೆಂಡೆಸೆಯುವ ಒಳ್ಳೆಯ ಪಿಚರುಗಳೆಲ್ಲ ಯುದ್ಧಕ್ಕೆ ಹೋದರು, ಸೈನ್ಯಕ್ಕೆ ಬೇಡವಾದ ನಾವು ಉಳಿದೆವು. ನನ್ನ ಕಣ್ಣು ಮಂದವೆಂದು ಅವರು ಬಿಟ್ಟರು. ಇಲ್ಲಿ ಕನ್ನಡಕ ಹಾಕಿದರೆ ಜನ ಬಿಟ್ಟಾರೆಯೇ? ಹಾಕದಿದ್ದರೂ "ಏ, ಸೈನ್ಯಕ್ಕೇ ಬೇಡ್ವಾದ ಸರಕು, ಮನೇಗ್ ಹೋಗಿ ಹಾಲ್ ಕರಿಯೋ" ಎನ್ನುತ್ತಾರೆ. ಹಾಗಾಗಿ ಕನ್ನಡಕ ಜೇಬಿನಲ್ಲೇ ಇದೆ. ಗುಟ್ಟು ತಿಳಿದವನು ನನ್ನ ಚೆಂಡು ಹಿಡಿಯುವ ಮುದಿ ಕ್ಯಾಚರ್ ಗಸ್ ಒಬ್ಬನೇ. ಯಾವ ಚೆಂಡು ಎಸೆಯಬೇಕೆಂದು ಅವನು ಕುಕ್ಕರುಗಾಲಿನಲ್ಲಿ ಕೂತು ಬೆರಳಿನಿಂದ ತೋರಿಸಬೇಕಲ್ಲ, ಅವನ ದೊಡ್ಡ ಗ್ಲೋವ್ ನನಗೆ ಕಾಣುತ್ತದೆ, ಬೆರಳು ಕಾಣುವುದಿಲ್ಲ. ಪಾಪ, ಉಗುರಿಗೆಲ್ಲ ಬಿಳಿ ಬಣ್ಣ ಬಳಿದುಕೊಂಡ. ಅವನ ಹೆಂಡತಿ "ಈ ವಯಸ್ನಲ್ಲಿ ಇದೇನು ಶೋಕಿ ನಿಂದು" ಎಂದು ನಕ್ಕಳಂತೆ. ಮೊದಲ ಪಂದ್ಯ ಗೆದ್ದದ್ದು ಆ ಬಣ್ಣದಿಂದಲೇ.

ಎರಡನೆಯದರಲ್ಲಿ ಬಿಸಿಲಿಗೆ ಬೆವತು ಬಣ್ಣ ಕಿತ್ತುಹೋಯಿತು. ಎರಡು ಬೆರಳು ನನಗೆ ಒಂದಾಗಿ ಕಂಡವು. ಗಸ್ ಕೇಳಿದ್ದು ಹೊರಕ್ಕೆ ತಿರುಗುವ ನಿಧಾನದ ಚೆಂಡು, ನಾನು ಎಸೆದದ್ದು ಮೈಮೇಲೆ ನುಗ್ಗುವ ವೇಗದ್ದು. ಎದುರು ತಂಡದ ಡೋಯ್ಲ್ ಪ್ರೂಯೆಟ್ ಬ್ಯಾಟು ಹಿಡಿದು ಮುಂದಕ್ಕೆ ಬಾಗಿದ್ದ, ತಲೆಯ ಮೇಲೆ ಬರೀ ಬಟ್ಟೆಯ ಟೋಪಿ. ಚೆಂಡು ತಲೆಗೆ ಬಡಿದ ಆ ಸದ್ದು ಈಗಲೂ ಕಿವಿಯಲ್ಲಿದೆ. ಅವನು ಬಿದ್ದ, ಕಾಲು ಅದುರಿತು. ಸತ್ತೇ ಹೋದನೆಂದುಕೊಂಡೆ. ಎರಡು ವಾರ ಆಸ್ಪತ್ರೆಯಲ್ಲಿದ್ದು ಬದುಕಿಕೊಂಡ.

ಇವತ್ತು ಮಧ್ಯಾಹ್ನ ಅವರ ಜೊತೆಯೇ ಆಟ, ಅವನೂ ಆಡುತ್ತಾನೆ. ನಿನ್ನೆ ಅವರ ಪಿಚರ್ ಸೇಡಿಗೆಂದು ನಮ್ಮವನೊಬ್ಬನ ಪಕ್ಕೆಗೆ ಚೆಂಡಿನಿಂದ ಹೊಡೆದ. ಅವರು ಹೊಡೆದರೆ ನಾವೂ ಹೊಡೆಯಬೇಕು, ಇಲ್ಲಿಯ ರೂಢಿ ಅದು. ಮ್ಯಾನೇಜರ್ ನನ್ನ ಹೆಗಲ ಮೇಲೆ ಕೈಯಿಟ್ಟು "ಆ ಹುಡ್ಗ ಮೊದ್ಲೇ ಹೆದ್ರಿದಾನೆ. ಗದ್ದದ ಕೆಳಗೇ ಹಾಕು. ಆಗಲ್ವಾ, ಗಂಟುಮೂಟೆ ಕಟ್ಟು" ಎಂದ. ಕಾಣದ ಗದ್ದಕ್ಕೆ ಗುರಿಯಿಡುವುದು ಹೇಗೆ ಅಕ್ಕ? ಚೂರು ಮೇಲೆ ಹೋದರೆ ಕೊಂದೇಬಿಡುತ್ತೇನೆ. ಕೊಟ್ಟಿಗೆಯ ಗೋಡೆಗೆ ಎಸೆಯಲು ಕಲಿಸುವಾಗ ನೀನು "ಕಂಡಷ್ಟೇ ದೂರ ಎಸಿ ಮರಿ" ಎನ್ನುತ್ತಿದ್ದೆ. ಬೆಳಗಿನಿಂದ ಅದೇ ನೆನಪಾಗುತ್ತಿದೆ.

ಅಪ್ಪನಿಗೆ ಬರೆದರೆ ನಾನು ಚೆನ್ನಾಗಿದ್ದೇನೆ ಎನ್ನು. ನನಗಾಗಿ ಒಂದು ಪ್ರಾರ್ಥನೆ ಮಾಡು.

ನಿನ್ನ ತಮ್ಮ,
ಆರ್ವಿಡ್

ತಾ.ಕ.: ಆಟ ಆಡಿ ಬಂದು, ಇದನ್ನು ರೈಲು ನಿಲ್ದಾಣದಲ್ಲಿ ಕೂತು ಬರೆಯುತ್ತಿದ್ದೇನೆ. ಪ್ರೂಯೆಟ್ ಬಂದು ನಿಂತಾಗ ಎಲ್ಲರೆದುರೇ ಕನ್ನಡಕ ಹಾಕಿಕೊಂಡೆ. ಜನ ಬಿದ್ದು ಬಿದ್ದು ನಕ್ಕರು. ಆಗ ಮೊದಲ ಸಲ ಅವನ ಮುಖ ಕಂಡಿತು. ಕಣ್ಣು ಬಿಗಿಯಾಗಿ ಮುಚ್ಚಿಕೊಂಡಿದ್ದ, ತುಟಿ ಅಲುಗುತ್ತಿತ್ತು. ನಾಲ್ಕು ಚೆಂಡನ್ನೂ ಅವನಿಂದ ಮಾರುದೂರ ಎಸೆದೆ. ನಾಲ್ಕು ತಪ್ಪು ಚೆಂಡಿಗೆ ಬಿಟ್ಟಿಯಾಗಿ ಸಿಗುವ ಮೊದಲ ನೆಲೆಗೆ ಅವನು ಬ್ಯಾಟು ಬೀಸದೆಯೇ ನಡೆದುಹೋದ. ಮ್ಯಾನೇಜರ್ ಬಂದು ನನ್ನ ಕೈಯಿಂದ ಚೆಂಡು ತೆಗೆದುಕೊಂಡ. ದೊಡ್ಡ ಲೀಗು ಮುಗಿಯಿತು, ನಾಳೆ ಅಪ್ಪನ ಬಳಿ ಇರುತ್ತೇನೆ. ಆದರೆ ಕನ್ನಡಕ ತೆಗೆದಿಲ್ಲ ಅಕ್ಕ, ಎದುರಿಗೆ ಕೂತವರ ಮುಖಗಳೆಲ್ಲ ಕಾಣುತ್ತಿವೆ.