ಎರಡು ಮನೆ ಮೇಲಿನ ಶ್ರುತಿ

ಮಾರ್ಚ್ ೧೧, ಮಂಗಳವಾರ

ನನ್ನ ಸೂಜಿಗೆ,

ನಿನ್ನ ದಬ್ಬಣ ಬರೆಯುತ್ತಿದ್ದೇನೆ. ಇವಳು ಇನ್ನೂ ಇದ್ದಾಳಾ ಅಂತ ಹುಬ್ಬೇರಿಸಬೇಡ. ಇದ್ದೇನೆ. ಮಂಡಿ ನನ್ನ ಒಂದು ಮಾತೂ ಕೇಳುವುದಿಲ್ಲ, ಬಾಯಿ ಮಾತ್ರ ಮೊದಲಿನ ಹಾಗೇ ಇದೆ. ನಮ್ಮಿಬ್ಬರಿಗೂ ಈ ಹೆಸರಿಟ್ಟ ಪೆಟ್ಟಿಗೆ ಮೇಷ್ಟ್ರು ಹೋಗಿ ಆರು ವರ್ಷವಾಯಿತು. ನಾಟಕ ಕಂಪನಿಯ ಹಾರ್ಮೋನಿಯಂ ಮುಂದೆ ಕೂತು ಅವರು ಆ ಹೆಸರು ಕೂಗಿದರೆ ಎಂಥ ಜಗಳವಾಡುತ್ತಿದ್ದರೂ ನಾವಿಬ್ಬರೂ ಓಡಿ ಬರುತ್ತಿದ್ದೆವು. ಈಗ ನನ್ನನ್ನು ದಬ್ಬಣ ಅನ್ನಲು ಉಳಿದಿರುವವಳು ನೀನೊಬ್ಬಳೇ. ನೀನೋ, ವರ್ಷಕ್ಕೊಂದು ಕಾರ್ಡಿನಲ್ಲಿ ಎರಡು ಸಾಲು ಗೀಚಿ ಕೈತೊಳೆದುಕೊಳ್ಳುತ್ತೀಯ.

ವಿಷಯಕ್ಕೆ ಬರುತ್ತೇನೆ. ಹೋದ ಶುಕ್ರವಾರ ನಿನ್ನ ಮಗಳು ಇಲ್ಲಿಗೆ ಬಂದಿದ್ದಳು. ನಿನಗೆ ಹೇಳದೆ ಬಂದಿದ್ದಾಳೆ, ಬೈಯಬೇಡ. ಬಾಗಿಲು ತೆಗೆದವಳು ಒಳಗೆ ಬಾ ಎನ್ನುವುದನ್ನೂ ಮರೆತೆ. ಅದೇ ಚೂಪು ಗಲ್ಲ, ಒಂದು ಭುಜ ಚೂರು ಮೇಲೆ, ಇಪ್ಪತ್ತೇಳು ವರ್ಷದ ನೀನೇ ಚಪ್ಪಲಿ ಬಿಡುತ್ತಿರುವ ಹಾಗೆ. ನಮ್ಮ ದೋಣಿಯವಳ ನಾಟಕವನ್ನು ಈಗಿನ ಹುಡುಗರು ಮತ್ತೆ ಆಡುತ್ತಾರಂತೆ. ಬರುವ ಸೋಮವಾರ ಪಾತ್ರಗಳ ಆಯ್ಕೆ. ಇವಳಿಗೆ ದೋಣಿಯವಳೇ ಆಗಬೇಕಂತೆ, ಹಾಡು ತಿದ್ದಿಕೊಡಿ ಎಂದು ಕೇಳಿದಳು.

ಹಾಡಿಸಿದೆ. ಚೆನ್ನಾಗಿ ಹಾಡುತ್ತಾಳೆ ಕಣೇ, ಮುಖಸ್ತುತಿಯಲ್ಲ. ಆದರೆ ಕೊನೆಯ ಸಾಲು, ಆ ಕಡೆಯ ದಡಕ್ಕೆ ಕೇಳುವಂತೆ ಕೂಗಿ ಕರೆಯುವ ಸಾಲು ಇದೆಯಲ್ಲ, ಅದು ಬರುವ ಹೊತ್ತಿಗೆ ಗಪ್ಪನೆ ನಿಲ್ಲಿಸಿಬಿಟ್ಟಳು. ಯಾಕಮ್ಮಾ ಎಂದರೆ, "ಅದು ನಮ್ಮ ಮನೇವ್ರಿಗೆ ಆಗಲ್ಲ ದೊಡ್ಡಮ್ಮ. ಅಮ್ಮಂಗೂ ಅಲ್ಲೇ ದನಿ ಒಡೀತಂತಲ್ಲ. ನಮ್ಮ ಗಂಟಲೇ ಅಷ್ಟು ಅಂತಾಳೆ. ಅವಳು ಬೇಡ ಅಂದ್ರೆ ನಾನು ಸೋಮವಾರ ಹೋಗೋದೂ ಇಲ್ಲ" ಎಂದಳು. ಅಳಲಿಲ್ಲ. ನನಗೆ ಎತ್ತರ ಕಮ್ಮಿ ಎಂದು ಹೇಳುವಷ್ಟು ಸಲೀಸಾಗಿ ಹೇಳಿದಳು.

ನಾವಿಬ್ಬರೂ ಒಂದೇ ದಿನ ಕಂಪನಿ ಸೇರಿದ್ದು ನೆನಪಿದೆಯಾ? ನನಗೆ ಹತ್ತೊಂಬತ್ತು. ಟೈಪಿಂಗ್ ಕ್ಲಾಸಿಗೆ ಎಂದು ಹೇಳಿ ಮನೆಯಿಂದ ಹೊರಟಿದ್ದೆ. ಹಿಂದಿನ ಸಾಲಿನಲ್ಲಿ ನಿಂತು ಹಾಡುವ ಎಂಟು ಹುಡುಗಿಯರು, ಎಂಟು ಜನಕ್ಕೂ ಸೇರಿ ಒಂದೇ ಕನ್ನಡಿ. ಒಬ್ಬಳು ಹುಬ್ಬು ತೀಡುತ್ತಿದ್ದರೆ ಇನ್ನೊಬ್ಬಳು ಅವಳ ಕಂಕುಳ ಕೆಳಗಿಂದ ತೂರಿ ತುಟಿಗೆ ಬಣ್ಣ ಹಚ್ಚಿಕೊಳ್ಳಬೇಕಿತ್ತು. ಬಣ್ಣದ ಕೋಣೆಯ ಆ ವಾಸನೆ, ಬೆವರು, ಪೌಡರು, ಇಸ್ತ್ರಿಯಲ್ಲಿ ಸೀದ ಬಟ್ಟೆ, ಈಗಲೂ ಒಮ್ಮೊಮ್ಮೆ ಬೀರು ತೆಗೆದಾಗ ಬಂದಂತಾಗುತ್ತದೆ. ಒಂದು ನಿಮಿಷ ಹಾಗೇ ನಿಂತುಬಿಡುತ್ತೇನೆ.

ದೋಣಿಯವಳ ಪಾತ್ರ ನನಗೆ ಸಿಕ್ಕಿದ್ದು ಕಂಠದಿಂದಲ್ಲ, ಅಳತೆಯಿಂದ. ಮೊದಲು ಆ ಪಾತ್ರ ಮಾಡಿ ಕಂಪನಿ ಬಿಟ್ಟುಹೋದವಳ ಉಡುಪು ನನಗೆ ಹೇಳಿ ಹೊಲಿಸಿದಂತೆ ಕೂತಿತು. ನಿನಗೆ ತೊಡಿಸಿದರೆ ಒಳಗೆ ಇನ್ನೊಬ್ಬಳಿಗೆ ಜಾಗ ಉಳಿಯುತ್ತಿತ್ತು! ನಾನು ದೋಣಿಯವಳಾದೆ, ನೀನು ನನ್ನ ಬದಲಿಯಾದೆ. ನನಗೆ ಜ್ವರ ಬಂದರೆ, ಕಾಲು ಮುರಿದರೆ ನೀನು. ನನಗೋ ಒಂಬತ್ತು ವರ್ಷ ಒಂದು ನೆಗಡಿಯೂ ಬರಲಿಲ್ಲ. ಆ ಒಂಬತ್ತು ವರ್ಷವೂ ನೀನು ಪರದೆಯ ಪಕ್ಕದಲ್ಲಿ ನನ್ನ ಶಾಲು, ನೀರಿನ ಬಾಟಲಿ ಹಿಡಿದು ನಿಂತೆ. ನನ್ನ ಪ್ರತಿ ಮಾತೂ ನಿನಗೆ ಬಾಯಿಪಾಠ. ಒಮ್ಮೆ ಎರಡನೇ ಅಂಕದಲ್ಲಿ ನನಗೆ ಎಲ್ಲ ಮರೆತುಹೋಗಿ ಕಣ್ಣು ಕಣ್ಣು ಬಿಟ್ಟಾಗ, ನಿನ್ನ ತುಟಿ ನೋಡಿಕೊಂಡು ಸಾಲು ಹೇಳಿದೆ. ನಾನು ದುಃಖದಿಂದ ಗದ್ಗದಳಾದೆ ಎಂದುಕೊಂಡು ಜನ ಚಪ್ಪಾಳೆ ತಟ್ಟಿದರು. ಪತ್ರಿಕೆಯವನೊಬ್ಬ ಆ ಮೌನವನ್ನು ಹಾಡಿ ಹೊಗಳಿದ. ನಾವು ಅದನ್ನು ಓದಿ ಹೊಟ್ಟೆ ಹಿಡಿದು ನಕ್ಕೆವು.

ಆಮೇಲೆ ಆ ಭಾನುವಾರ. ನನ್ನ ಗಂಟಲು ಕಟ್ಟಿತ್ತು, ಮೂರು ದಿನ ತುಟಿ ಬಿಚ್ಚಕೂಡದೆಂದು ಡಾಕ್ಟರು ಗದರಿದ್ದರು. ಮಧ್ಯಾಹ್ನದ ಆಟಕ್ಕೆ ನೀನು ಬಣ್ಣ ಹಚ್ಚಿಕೊಂಡೆ, ಉಡುಪಿಗೆ ಬೆನ್ನ ಹಿಂದೆ ಹನ್ನೊಂದು ಪಿನ್ನು ಹಾಕಿ ಬಿಗಿ ಮಾಡಿದವಳು ನಾನೇ. ಎರಡು ಅಂಕ ಚೆನ್ನಾಗಿ ನಡೆಯಿತು. ಕೊನೆಯ ಹಾಡಿನ ಕೊನೆಯ ಸಾಲಿನಲ್ಲಿ ನಿನ್ನ ದನಿ ಒಡೆಯಿತು. ಹಿಂದಿನ ಸಾಲುಗಳಿಂದ ಯಾರೋ ನಕ್ಕರು. ನೀನು ನಾಟಕ ಮುಗಿಸಿ, ಉಡುಪನ್ನು ಮಡಿಸಿ ನನ್ನ ಕುರ್ಚಿಯ ಮೇಲೆ ಇಟ್ಟೆ. ಮೂರನೆಯ ದಿನ ಕಂಪನಿ ಬಿಟ್ಟೆ. ಶಾಲೆಯ ಆಫೀಸಿನಲ್ಲಿ ಕೆಲಸಕ್ಕೆ ಸೇರಿದೆಯಂತೆ, ಮದುವೆಯಾಯಿತಂತೆ, ಮಗುವಾಯಿತಂತೆ. ಎಲ್ಲ ಅವರಿವರ ಬಾಯಿಂದ ಕೇಳಿದೆ. ಮಗುವಿಗೆ ಒಂದು ಜೋಗುಳವನ್ನೂ ಹಾಡಲಿಲ್ಲವಂತೆ.

ನಾನು ಇನ್ನೂ ಇಪ್ಪತ್ತೆರಡು ವರ್ಷ ಬಣ್ಣ ಹಚ್ಚಿದೆ. ನಾಯಕಿಯಾದೆ, ನಾಯಕಿಯ ಅಮ್ಮನಾದೆ, ಅಜ್ಜಿಯಾದೆ. ಕಡೆಕಡೆಗೆ ಪರದೆ ಏಳುವ ಮೊದಲೇ ಸತ್ತು ಮಲಗಿರುವ ಮುದುಕಿಯಾದೆ. ಅಲ್ಲೂ ಒಂದು ದಿನ ಸೀನು ಬಂದು ಮಾನ ಹೋಯಿತು. ಗೋಡೆಯ ತುಂಬ ಫಲಕಗಳಿವೆ, ವಾರಕ್ಕೊಮ್ಮೆ ಧೂಳು ಒರೆಸುತ್ತೇನೆ. ಒಳ್ಳೆಯ ಬದುಕೇ ಸೂಜಿ, ಸುಳ್ಳೇಕೆ ಹೇಳಲಿ. ಆದರೆ ಪರದೆಯ ಪಕ್ಕಕ್ಕೆ ತಿರುಗಿದರೆ ನೀನಿರುತ್ತಿರಲಿಲ್ಲ.

ಈಗ ನಾನು ಹೇಳಬೇಕಾದ್ದು. ಅವತ್ತು ನಿನ್ನ ಗಂಟಲು ಸೋಲಲಿಲ್ಲ. ಪೆಟ್ಟಿಗೆಯ ಶ್ರುತಿಯೇ ತಪ್ಪಿತ್ತು. ನೀನು ಅಭ್ಯಾಸ ಮಾಡಿದ್ದ ಹಾರ್ಮೋನಿಯಂ ಕೀಲಿಯ ಮನೆಯಿಂದ ಶುರುಮಾಡದೆ, ಎರಡು ಮನೆ ಮೇಲಿನಿಂದ ಮೇಷ್ಟ್ರು ಬಾರಿಸಿದ್ದರು. ಹಾಡು ತಗ್ಗಿನಲ್ಲೇ ಶುರುವಾಗುವುದರಿಂದ, ಮೇಲಾಗಿ ನೀನು ಮೊದಲ ಸಲದ ಗಾಬರಿಯಲ್ಲಿದ್ದುದರಿಂದ, ಮೊದಲು ಗೊತ್ತಾಗಲಿಲ್ಲ. ಕೊನೆಗೆ ಏರಬೇಕಾದಾಗ ಏರಲು ಜಾಗವೇ ಉಳಿದಿರಲಿಲ್ಲ. ನಾನಾಗಿದ್ದರೂ ಒಡೆಯುತ್ತಿತ್ತು. ಮೇಷ್ಟ್ರಿಗೆ ವಯಸ್ಸಾಗಿತ್ತು, ಹಿಂದಿನ ದಿನದ ಬೇರೆ ನಾಟಕದ ಶ್ರುತಿಯನ್ನೇ ಹಿಡಿದು ಕೂತುಬಿಟ್ಟಿದ್ದರು. ಹೋಗುವ ಮುಂಚೆ ನನ್ನ ಕೈಹಿಡಿದು ಅವರೇ ಹೇಳಿಕೊಂಡರು. ನಿನಗೆ ಆಗಲೇ ಬರೆಯಬೇಕಿತ್ತು, ಇವತ್ತು ನಾಳೆ ಎಂದು ಆರು ವರ್ಷ ತಳ್ಳಿದೆ. ಅದಷ್ಟು ನನ್ನ ತಪ್ಪು.

ಅದಕ್ಕೇ ಕೇಳುತ್ತೇನೆ, ಸೋಮವಾರ ಅವಳನ್ನು ಕಳಿಸು. ಅವಳ ಗಂಟಲಿಗೆ ಏನೂ ಆಗಿಲ್ಲ. ನಿನ್ನ ಗಂಟಲಿಗೂ ಆಗಿರಲಿಲ್ಲ.

ಎಂದೆಂದಿಗೂ ನಿನ್ನ,
ದಬ್ಬಣ

ಮರೆತ ಮಾತು: ಬುಧವಾರ ಬೆಳಿಗ್ಗೆ.

ಮರೆತದ್ದಲ್ಲ, ಬಚ್ಚಿಟ್ಟದ್ದು. ಅಂಚೆಗೆ ಹಾಕಲೆಂದು ಹೊರಟವಳು ರಸ್ತೆಯ ತಿರುವಿನವರೆಗೆ ಹೋಗಿ ವಾಪಸು ಬಂದೆ. ಮೇಷ್ಟ್ರು ನನಗೆ ಏನೂ ಹೇಳಲಿಲ್ಲ. ಅವರು ಏನನ್ನೂ ಮರೆತವರಲ್ಲ.

ಆ ಭಾನುವಾರ ಬೆಳಿಗ್ಗೆ ನೀನು ಒಬ್ಬಳೇ ರಂಗದ ಮೇಲೆ ನಿಂತು ಅಭ್ಯಾಸ ಮಾಡುತ್ತಿದ್ದೆ. ನಾನು ಉಡುಪಿನ ಕೋಣೆಯಲ್ಲಿದ್ದೆ. ಉಡುಪು ಹೊಲಿಯುವವಳು ನಿನ್ನ ದನಿ ಕೇಳಿ ಮಿಶಿನ್ ತುಳಿಯುವುದು ನಿಲ್ಲಿಸಿದಳು. ಒಂಬತ್ತು ವರ್ಷ ನಾನು ಹಾಡುವಾಗ ಅವಳ ಕಾಲು ಒಂದು ದಿನವೂ ನಿಂತಿರಲಿಲ್ಲ. "ಅಯ್ಯೋ, ಇವಳನ್ನ ಇಷ್ಟು ದಿನ ಎಲ್ಲಿಟ್ಟಿದ್ರು?" ಎಂದಳು, ನನ್ನ ಮುಖ ನೋಡಿಕೊಂಡೇ. ನನಗೆ ಮಾತಾಡುವ ಹಾಗಿರಲಿಲ್ಲ. ಒಂದು ಚೀಟಿ ಬರೆದು ಮೇಷ್ಟ್ರ ಕೈಗೆ ಕೊಟ್ಟೆ: 'ಸೂಜಿಗೆ ಎರಡು ಮನೆ ಮೇಲೆ ಬೇಕಂತೆ. ನಿಮ್ಮನ್ನ ಕೇಳೋಕೆ ಅವಳಿಗೆ ನಾಚಿಕೆ.' ಅವರು ಪಾಪ, ಹುಡುಗಿಗೆ ಧೈರ್ಯ ಬಂತು ಎಂದು ಖುಷಿಯಿಂದ ತಲೆಯಾಡಿಸಿದರು. ಸಾಯುವವರೆಗೂ ನೀನೇ ಆಸೆಪಟ್ಟು ಕೇಳಿದ್ದೆ ಎಂದು ನಂಬಿದ್ದರು. ಅವತ್ತು ಆಟ ಮುಗಿದ ಮೇಲೆ ನಿನ್ನನ್ನು ತಬ್ಬಿಕೊಂಡು ಬೆನ್ನು ಸವರಿದೆನಲ್ಲ, ನೀನು ಇದ್ದದ್ದಕ್ಕೆ ಬದುಕಿದೆ ಕಣೇ ಎಂದು ನನ್ನ ಭುಜ ಒದ್ದೆ ಮಾಡಿದೆಯಲ್ಲ, ಆಗ ಬಾಯಿ ಬಿಡಬಹುದಿತ್ತು. ಡಾಕ್ಟರ ಮಾತು ಪಾಲಿಸಿದೆ.

ಮೇಲಿನ ಹಾಳೆಗಳನ್ನು ಹರಿದು ಹೊಸದಾಗಿ ಬರೆಯಬಹುದು. ಬರೆಯುವುದಿಲ್ಲ. ನಿನ್ನೆಯೂ ನನ್ನ ತಪ್ಪನ್ನು ಎಷ್ಟು ಸುಲಭವಾಗಿ ಸತ್ತವರ ತಲೆಗೆ ಕಟ್ಟಿದೆ ಎನ್ನುವುದನ್ನೂ ನೀನು ಓದಬೇಕು.

ಕ್ಷಮಿಸು ಎಂದು ಕೇಳುವ ಮುಖ ನನಗಿಲ್ಲ. ಇನ್ನು ಮೇಲೆ ಈ ದಬ್ಬಣದ ಮನೆ ಮೆಟ್ಟಿಲು ಹತ್ತಬೇಡ ಎಂದು ಮಗಳಿಗೆ ಹೇಳಬೇಕೆನಿಸಿದರೆ ಹೇಳು. ಹಾಡಬೇಡ ಎಂದು ಮಾತ್ರ ಹೇಳಬೇಡ.