ಮೂರು ಹಿಡಿ ಕರಿಮಣ್ಣು

ಅಮ್ಮಾ,

"ಸತ್ತರೂ ಇಲ್ಲಿಂದ ಏಳಲ್ಲ" ಅನ್ನುತ್ತಿದ್ದೆಯಲ್ಲ, ಇವತ್ತು ಎಬ್ಬಿಸಿದೆವು. ಕಲ್ಲಿದ್ದಲು ಗಣಿ ಮಹಾಕಾಮ್ ನದಿ ದಂಡೆಯ ನಮ್ಮ ಗೋರಿಗಳವರೆಗೂ ಬಂದಿದೆ. ಅಗೆದರೆ ಒಂದು ಮೂಳೆಯೂ ಸಿಗಲಿಲ್ಲ. ಹಾಗಾದಾಗ ಮೂರು ಹಿಡಿ ಮಣ್ಣನ್ನೇ ಒಯ್ದು ಹೂಳುವುದು ನಮ್ಮ ರೂಢಿಯಲ್ಲವೇ? ತಮ್ಮ ರಹ್ಮಾದಿ ಕರಿಮಣ್ಣನ್ನು ಬಿಳಿ ಬಟ್ಟೆಯಲ್ಲಿ ಕಟ್ಟಿ ನನ್ನ ಕೈಗಿಟ್ಟ.

"ಏನಣ್ಣಾ, ನಮ್ಮ ಇದ್ದಲು ಹೊತ್ಕೊಂಡು ಹೊರಟ್ರಾ?" ಅಂದ ಗಣಿಯ ಮೇಲ್ವಿಚಾರಕ.

"ಇದ್ದಲಲ್ಲಪ್ಪ, ಇಲ್ಲಿ ಇದ್ದಳು," ಅಂದೆ. ನೀನಿದ್ದಿದ್ದರೆ ತಲೆಗೆ ಮೊಟಕುತ್ತಿದ್ದೆಯೇನೋ. ಅವನು ನಕ್ಕು ಕಾಗದ ಮುಂದೆ ಹಿಡಿದ.

"ಜಾಗ ಮಾರುವಾಗ ನೀವು ಹಾಕಿದ್ರಲ್ಲ, ಅದೇ ಸಹಿ ಹಾಕಿ."

ಮಾರಿದ್ದು ದೊಡ್ಡಪ್ಪನೆಂದೇ ನಂಬಿ ನೀನು ಸಾಯುವತನಕ ಅವರೊಡನೆ ಮಾತು ಬಿಟ್ಟಿದ್ದೆ. ರಹ್ಮಾದಿ ಇಂದಿಗೂ ಬಿಟ್ಟಿದ್ದಾನೆ.

ಪಕ್ಕದಲ್ಲೇ ನಿಂತಿದ್ದ ಅವನು ನನ್ನ ಸಹಿಯನ್ನು ನೋಡಿದ. ನಿನ್ನನ್ನು ನನ್ನ ಕೈಯಿಂದ ತೆಗೆದುಕೊಂಡು ಮುಂದೆ ನಡೆದ.