ಖದಾನ ವಸ್ತಿಯ ಒಂಬೈನೂರಾ ಅರವತ್ತೆಂಟು ಮಂದಿ

ಖದಾನ ವಸ್ತಿ, ಹುಮನಾಬಾದ
ಭಾನುವಾರ, 8 ಫೆಬ್ರವರಿ 2026

ಪ್ರಜ್ಞಾಳ ಅಪ್ಪನಿಗೆ ಸುಮೇಧಾಳ ಜೈಭೀಮ್.

ಮೊದಲು ನಿಮ್ಮ ಬೆನ್ನಿನ ಸುದ್ದಿ ಬರೆಯಿರಿ. ಆ ಕಾಂಕ್ರೀಟ್ ಲಾರಿಯ ಸೀಟಿನ ಮೇಲೆ ಕೌದಿ ಮಡಿಚಿ ಹಾಕಿಕೊಳ್ಳಿ ಎಂದು ಅಕ್ಟೋಬರಿನಲ್ಲಿ ಬಂದಾಗಲೇ ಕಟ್ಟಿ ಕೊಟ್ಟಿದ್ದೆ. ಹಾಕಿಕೊಂಡಿದ್ದೀರೋ, ಚಾಕಣದ ಖೋಲಿಯಲ್ಲಿ ಹೊದ್ದು ಮಲಗಿದ್ದೀರೋ ಗೊತ್ತಿಲ್ಲ. ನಿಮ್ಮ ಅವ್ವನ ಮೊಣಕಾಲು ಚಳಿಗೆ ಸೆಟೆದಿತ್ತು, ಈಗ ಬಿಸಿಲು ಏರುತ್ತಿದೆ, ನಡೆದಾಡುತ್ತಾರೆ, ಬೈದಾಡುತ್ತಾರೆ, ಅಂದರೆ ಆರಾಮ ಇದ್ದಾರೆ ಎಂದೇ ತಿಳಿಯಿರಿ. ಪ್ರಜ್ಞಾಳ ಮುಂದಿನ ಎರಡು ಹಲ್ಲು ಬಿದ್ದಿವೆ. ಅಪ್ಪ ಬರುವುದರೊಳಗೆ ಹೊಸ ಹಲ್ಲು ಬರಬೇಕೆಂದು ದಿನಾ ಕನ್ನಡಿಯ ಮುಂದೆ ನಿಲ್ಲುತ್ತಾಳೆ. ನಾನು ಚೆನ್ನಾಗಿದ್ದೇನೆ. ಕೆಲಸ ಮಾಡುವವರಿಗೆ ಸಿಟ್ಟು ಬಂದರೆ ಆರೋಗ್ಯ ಸುಧಾರಿಸುತ್ತದೆ ಎಂದು ಕಾಣುತ್ತದೆ.

ಫೋನು ಇರುವಾಗ ಕಾಗದ ಯಾಕೆ ಎಂದು ಕೇಳುತ್ತೀರಿ. ಫೋನಿನಲ್ಲಿ ನಾನು ನಮ್ಮ ಊರು ಕೊಹಿನೂರಿನ ಹೆಸರೆತ್ತಿದ ಕೂಡಲೇ ನೀವು ಕಟ್ ಮಾಡುತ್ತೀರಿ, ಆಮೇಲೆ ಸಿಗ್ನಲ್ ಇರಲಿಲ್ಲ ಎನ್ನುತ್ತೀರಿ. ಮೂರು ಸಲ ಹೀಗಾಯಿತು. ಕಾಗದವನ್ನು ನಡುವೆ ಕಟ್ ಮಾಡಲು ಬರುವುದಿಲ್ಲ. ಖಮರುದ್ದೀನ್ ಚಾಚಾನ ಮಗ ಸಿರಾಜುದ್ದೀನ್ ಪುಣೆಗೆ ತೊಗರಿ ಬೇಳೆ ಒಯ್ಯುತ್ತಿದ್ದಾನೆ. ಅವನ ಕೈಯಲ್ಲೇ ಕೊಟ್ಟಿದ್ದೇನೆ, ಓದಿ ಮುಗಿಸುವ ತನಕ ಎದುರಿಗೆ ನಿಂತು ಬಾ ಎಂದು ಹೇಳಿದ್ದೇನೆ. ಅವನಿಗೆ ಚಹಾ ಕುಡಿಸಿ.

ಎಳ್ಳಮಾಸಿಯ ದಿನ ಇಲ್ಲಿ ಏನಾಯಿತು ಎಂಬುದನ್ನು ನಾನು ಅರ್ಧ ಹೇಳಿದ್ದೆ, ಈಗ ಪೂರ್ತಿ ಓದಿ. ವಸ್ತಿಗೆ ಶಾಲೆ ಬೇಕು ಎಂದು ನಾವು ಹೆಣ್ಣುಮಕ್ಕಳು ಕೊಟ್ಟ ಅರ್ಜಿಗೆ ಎರಡು ವರ್ಷದ ಮೇಲೆ ಜೀವ ಬಂದು, ಮನೆ ಎಣಿಸಿ ಜನ ಎಣಿಸಿ ಎಂದು ಒಂದು ಗುತ್ತಿಗೆ ಕಂಪನಿಗೆ ಆದೇಶವಾಯಿತು. ಕಂಪನಿಯವರು ಎಲ್ಲಿಂದಲೋ ಬಂದ ಹುಡುಗರು. ನಮ್ಮ ಕಡೆ ಎಳ್ಳಮಾಸಿ ಅಂದರೆ ಮನೆಯಲ್ಲಿ ಒಂದು ನರಪಿಳ್ಳೆಯೂ ಇರುವುದಿಲ್ಲ ಎಂಬುದು ಅವರಿಗೇನು ಗೊತ್ತು. ಹೊಲ ಇದ್ದವರು ತಮ್ಮ ಹೊಲಕ್ಕೆ ಚರಗ ಚೆಲ್ಲಲು ಹೋಗಿದ್ದರು. ಹೊಲ ಇಲ್ಲದ ನಾವು ಭಜ್ಜಿ, ಸಜ್ಜಿ ರೊಟ್ಟಿ, ಅಂಬಲಿಯ ಆಸೆಗೆ ಕೂಲಿ ಮಾಡಿದವರ ಹೊಲಗಳಿಗೆ ಹೋಗಿದ್ದೆವು. ಪೂಜೆಗೆ ಕೈಮುಗಿಯದ ನಾವೂ, ಖಮರುದ್ದೀನ್ ಚಾಚಾನ ಮನೆಯವರೂ ಊಟಕ್ಕೆ ಮಾತ್ರ ಯಾವ ಭೇದವನ್ನೂ ಮಾಡಲಿಲ್ಲ. ಟಂಟಂ ಆಟೋ ತುಂಬಿ ರಾಜೇಶ್ವರಕ್ಕೆ ಕೆಲವರು, ಕೊಹಿನೂರಿಗೆ ಕೆಲವರು, ಹುಡಗಿ ಊರಿಗೆ ಕೆಲವರು. ಆ ಹುಡುಗರು ಮಧ್ಯಾಹ್ನ ಬಂದರು, ಬಾಗಿಲು ಬಾಗಿಲಿಗೆ ನಿಂತು ಬೀಗದ ಫೋಟೋ ಹೊಡೆದರು, ಹೋದರು. ಕಡತದಲ್ಲಿ ಈಗ ಹೀಗಿದೆ: ಕಟ್ಟಡ ಇನ್ನೂರಾ ಹನ್ನೆರಡು, ವಾಸದ ಮನೆ ಇಪ್ಪತ್ತೆರಡು, ಜನ ನಲವತ್ತೊಂದು, ಶಾಲೆಗೆ ಹೋಗುವ ವಯಸ್ಸಿನ ಮಕ್ಕಳು ಮೂರು. ಉಳಿದವು ಮುಂದೆ ಬೆಲೆ ಬಂದಾಗ ಮಾರಲೆಂದು ಕಟ್ಟಿ ಬೀಗ ಹಾಕಿಟ್ಟ ಮನೆಗಳು ಎಂದು ಷರಾ ಬರೆದಿದ್ದಾರೆ. ಮಾರಲೆಂದು ಕಟ್ಟಿದ ಮನೆಯಂತೆ. ನೀವು ಎರಡು ಬೇಸಿಗೆ ಕಲ್ಲು ಹೊತ್ತು ಕಟ್ಟಿದ್ದು ಅದಕ್ಕೇ ಇರಬೇಕು.

ಜನವರಿ ಮೊದಲ ವಾರ ಆ ಆದೇಶ ಕೊಟ್ಟ ಶಿಕ್ಷಣ ಕಚೇರಿಗೆ ಹೋದೆವು, ನಾನು ಮತ್ತು ಎದುರು ಮನೆಯ ಉಜ್ವಲಾ. ಸಾಹೇಬರು ಬೈಯಲಿಲ್ಲ, ಖುರ್ಚಿ ಕೊಟ್ಟರು. ಕಂಪ್ಯೂಟರ್ ನಮ್ಮ ಕಡೆ ತಿರುಗಿಸಿ, “ನೋಡಮ್ಮ, ನೂರಾ ತೊಂಬತ್ತು ಬೀಗದ ಫೋಟೋ ಅದಾವ. ಮಂದಿ ಫೋಟೋ ಒಂದೂ ಇಲ್ಲ. ನಾ ಯಾರಿಗಿ ಸಾಲಿ ಕಟ್ಟಲಿ, ಬೀಗಕ್ಕೇನು?” ಎಂದರು. ಉಜ್ವಲಾ ಥಟ್ಟನೆ, “ಕರೆಂಟಿನವ್ರಿಗಿ ನಾವು ಕಾಣ್ತೇವ್ರಿ ಸಾಹೇಬ್ರ, ತಿಂಗಳಾ ತಪ್ಪದೆ ಬಿಲ್ಲು ಕೊಟ್ಟು ಹೋಗ್ತಾರ. ಅವರ ಕಣ್ಣು ನಿಮಗ ಕಡಾ ಕೊಡಸಬೇಕೇನ್ರಿ?” ಎಂದು ಕೇಳಿದಳು. ಬಾಗಿಲಲ್ಲಿದ್ದ ಜವಾನ ನಕ್ಕುಬಿಟ್ಟ. ಸಾಹೇಬರೂ ನಗು ತಡೆದುಕೊಂಡರು, ಆದರೆ ಕಡತ ಮುಚ್ಚಿದರು.

ನಾವೇ ಎಣಿಸೋಣ ಎಂದು ಆ ದಿನವೇ ನೂರು ಹಾಳೆಯ ನೋಟ್‌ಬುಕ್ ಕೊಂಡೆವು. ಒಂಬತ್ತು ವರ್ಷ ಇಲ್ಲೇ ಬದುಕಿದರೂ ನಾನು ನಮ್ಮ ವಸ್ತಿಯನ್ನು ಪೂರ್ತಿ ನೋಡಿದ್ದು ಈಗಲೇ. ಉತ್ತರಕ್ಕೆ ಸೋಲಾಪುರ–ಹೈದರಾಬಾದ್ ಹೆದ್ದಾರಿ, ದಕ್ಷಿಣಕ್ಕೆ ಕಲ್ಲು ತೆಗೆದು ಬಿಟ್ಟ ಹಳೆಯ ಖದಾನು, ಅದರ ತುಂಬ ಹಸಿರು ನೀರು. ಪೂರ್ವಕ್ಕೆ ಪಟ್ಟಣದ ಕೊನೆಯ ಗಟಾರ ನಮ್ಮ ಮೊದಲ ಮನೆಯ ಮುಂದೆ ಬಂದು ಸುಮ್ಮನೆ ನಿಂತುಬಿಡುತ್ತದೆ, ಮುಂದೆ ಯಾರ ಜಾಗ ಎಂದು ಅದಕ್ಕೂ ತಿಳಿದಿಲ್ಲ. ಪಶ್ಚಿಮಕ್ಕೆ ಪಂಚಾಯಿತಿಯ ಗಡಿಕಲ್ಲು. ಗಡಿಕಲ್ಲಿನ ಆಚೆಯವರು ನಮ್ಮನ್ನು ಪಟ್ಟಣದವರು ಎನ್ನುತ್ತಾರೆ, ಗಟಾರದ ಆಚೆಯವರು ಹಳ್ಳಿಯವರು ಎನ್ನುತ್ತಾರೆ. ಈ ನಾಲ್ಕರ ನಡುವೆ ರಾಜೇಶ್ವರದಿಂದ ಬಂದ ಮನೆ ಎಪ್ಪತ್ತೊಂದು, ನಮ್ಮ ಕೊಹಿನೂರಿನವು ನಲವತ್ತಾರು, ಹುಡಗಿಯವು ನಲವತ್ತೆಂಟು, ಬೇರೆ ಬೇರೆ ಕಡೆಯವು ನಲವತ್ತೇಳು. ಜನ ಒಂಬೈನೂರಾ ಅರವತ್ತೆಂಟು. ಶಾಲೆಯ ವಯಸ್ಸಿನ ಮಕ್ಕಳು ನೂರಾ ಮೂವತ್ತೇಳು. ಆರು ಮಂದಿ ಬಸುರಿಯರು. ಇಪ್ಪತ್ತು ದಿನ ತಿರುಗಿದೆವು. ಎಂದೂ ಬಾಯಿಬಿಟ್ಟು ಹೇಳದ ನಿಮ್ಮ ಹೆಸರನ್ನು ನನ್ನ ಕೈಯಾರೆ ಬರೆದೆ: ಹೆಸರು ಉತ್ತಮ, ತಂದೆ ರಾಜೀವ, ವಯಸ್ಸು ನಲವತ್ತೊಂದು, ದುಡಿಯಲು ಹೋಗಿದ್ದಾರೆ. ಉಜ್ವಲಾ ಪಕ್ಕದಿಂದ ನೋಡಿ, ಇನ್ನೂ ಮೂವತ್ತೈದು ಅಂತ ಬರಿ ಅಕ್ಕ, ಅಣ್ಣಗ ಖುಷಿ ಆಗ್ತದ ಎಂದಳು. ನಾನು ಬರೆಯಲಿಲ್ಲ. ಸುಳ್ಳು ಲೆಕ್ಕ ಕೊಡುವವರು ಬೇರೆ ಇದ್ದಾರೆ.

ನೋಟ್‌ಬುಕ್ ಹಿಡಿದು ಮೂವತ್ತು ಹೆಂಗಸರು ಹೋಗಿ ಕಚೇರಿಯ ವರಾಂಡದಲ್ಲಿ ಕೂತೆವು. ಮಧ್ಯಾಹ್ನದ ರೊಟ್ಟಿಯನ್ನೂ ಅಲ್ಲೇ ಬಿಚ್ಚಿದೆವು. ಸಾಯಂಕಾಲ ಸಾಹೇಬರು ಪುಸ್ತಕ ತಿರುವಿ ಹಾಕಿ ಹೇಳಿದ್ದು ಇಷ್ಟು. ನಿಮ್ಮ ಎಣಿಕೆ ಸರಿ ಇರಬಹುದು, ಆದರೆ ಇದರಲ್ಲಿರುವ ಎಲ್ಲರ ಆಧಾರ ಕಾರ್ಡಿನಲ್ಲೂ ರಾಜೇಶ್ವರ, ಕೊಹಿನೂರು, ಹುಡಗಿ ಎಂದೇ ಇದೆ, ಇಲ್ಲಿ ಇದ್ದೇವೆ ಎಂದು ನೀವೇ ಎಲ್ಲೂ ಹೇಳಿಲ್ಲ. ಅರ್ಧಕ್ಕಿಂತ ಹೆಚ್ಚು ಮನೆಗಳ ಯಜಮಾನರು ವಿಳಾಸ ಬದಲಿಸಿ ತಂದರೆ ಕಡತ ಮತ್ತೆ ತೆರೆಯುತ್ತೇನೆ. ಫೆಬ್ರವರಿ ಇಪ್ಪತ್ತೇಳು ಕೊನೆಯ ದಿನ. ಅಂದರೆ ನೂರಾ ಏಳು ಮನೆ ಬೇಕು. ಅವರ ಮಾತು ನನಗೆ ಚುಚ್ಚಿತು, ಯಾಕೆಂದರೆ ಅದರಲ್ಲಿ ಅರ್ಧ ನಿಜ ಇತ್ತು. ಒಂಬತ್ತು ವರ್ಷ ಇಲ್ಲಿ ಉಂಡು ಮಲಗಿ ಮಕ್ಕಳನ್ನು ಹಡೆದು, ಕಾಗದದಲ್ಲಿ ಮಾತ್ರ ನಾವೆಲ್ಲ ಊರಿನಲ್ಲಿ ಇದ್ದೇವೆ.

ವಿಳಾಸ ಬದಲಿಸಿ ಎಂದು ಮನೆ ಮನೆಗೆ ಹೋದರೆ ಒಬ್ಬೊಬ್ಬ ಗಂಡಸಿನದು ಒಂದೊಂದು ರಾಗ. ಒಬ್ಬನ ತಮ್ಮ ಊರಲ್ಲಿ ಪಂಚಾಯಿತಿಗೆ ನಿಲ್ಲುತ್ತಾನೆ, ವೋಟು ಕಡಿಮೆಯಾಗುತ್ತದಂತೆ. ಇನ್ನೊಬ್ಬನಿಗೆ ರೇಷನ್ನಿನ ಭಯ. ಖಮರುದ್ದೀನ್ ಚಾಚಾ, “ಬೇಟಿ, ಇದ್ದ ಕಾಗಜ್ ಮುಟ್ಟಿದ್ರ ಇದ್ದದ್ದೂ ಹೋಗ್ತದ” ಎಂದು ಕೈಮುಗಿದರು. ಅವರ ಭಯ ನನಗೆ ಅರ್ಥವಾಗುತ್ತದೆ, ಅದಕ್ಕೆ ಒತ್ತಾಯ ಮಾಡಲಿಲ್ಲ. ಎರಡು ದಿನ ಬಿಟ್ಟು ಅವರೇ ಟ್ರಂಕಿನಿಂದ ಎಲ್ಲ ಕಾಗದ ತೆಗೆದುಕೊಂಡು ಬಂದರು. ನವೆಂಬರಿನಲ್ಲಿ ಆಚೆಯ ಶಾಲೆಗೆಂದು ಹೆದ್ದಾರಿ ದಾಟುವಾಗ ಮೊಮ್ಮಗಳ ಕಾಲು ಮುರಿದದ್ದನ್ನು ಅವರು ಮರೆಯಲು ಸಾಧ್ಯವೇ. ಈಗಲೂ ನಾವು ಸರದಿಯ ಮೇಲೆ ದಿನಾ ಬೆಳಗ್ಗೆ ಇಬ್ಬಿಬ್ಬರು ಕೆಂಪು ಕುಪ್ಪಸದ ಬಟ್ಟೆ ಹಿಡಿದು ನಡು ರಸ್ತೆಯಲ್ಲಿ ನಿಂತು ಲಾರಿ ತಡೆದು ಮಕ್ಕಳನ್ನು ದಾಟಿಸುತ್ತೇವೆ. ನನ್ನ ಸರದಿ ಮಂಗಳವಾರ, ಶುಕ್ರವಾರ. ನೀವೂ ಸ್ಟೇರಿಂಗ್ ಹಿಡಿಯುವವರು. ಎಪ್ಪತ್ತರ ವೇಗದಲ್ಲಿ ಬರುವವನಿಗೆ ಒಂದು ಮೊಳ ಕೆಂಪು ಬಟ್ಟೆ ಎಷ್ಟು ದೂರದಿಂದ ಕಾಣುತ್ತದೆ, ನೀವೇ ಹೇಳಿ.

ಹುಡಗಿಯ ನಲವತ್ತೆಂಟು ಮನೆ ತುಳಜಾರಾಮ ಮಾವನ ಮಾತಿನ ಮೇಲೆ ನಿಂತಿವೆ. ಉಜ್ವಲಾಳಿಗೆ ಖಾಸಾ ಮಾವ, ಆದರೂ ಸೊಸೆಯ ಮಾತಿಗೆ ಬಗ್ಗಲಿಲ್ಲ. ಬುದ್ಧವಿಹಾರದ ಮುಂದಿನ ಬೇವಿನ ಕೆಳಗೆ ಸಭೆ ಸೇರಿದಾಗ ಎಲ್ಲರ ಮುಂದೆ ಹೇಳಿದರು: “ತಂಗಿ, ಮೊದಲ ನಿನ್ನ ಗಂಡನ ಹೆಸರ ಇಲ್ಲಿ ತಂದು ಹಚ್ಚು. ಆಮ್ಯಾಲ ನಮ್ಮ ಮನಿ ಬಾಗಿಲಿಗಿ ಬಾ.” ನಿಜ ಹೇಳುತ್ತೇನೆ, ಇಷ್ಟು ವರ್ಷದ ಸಂಘಟನೆಯಲ್ಲಿ ಪೊಲೀಸರ ಮುಂದೆಯೂ ಜಗ್ಗದ ನಾನು ಅವತ್ತು ನೋಟ್‌ಬುಕ್ ಮುಚ್ಚಿ ಕೂತೆ. ಯಾಕೆಂದರೆ ನೀವು ಫೋನಿನಲ್ಲಿ ಹೇಳಿದ ಮಾತು ಕಿವಿಯಲ್ಲೇ ಇತ್ತು, ಕೊಹಿನೂರಿಂದ ಹೆಸರ ತೆಗೆದ್ರ ಅಪ್ಪನ್ನ ಎರಡನೇ ಸಲ ಮಣ್ಣು ಮಾಡಿದಂಗ ಎಂದಿದ್ದಿರಿ.

ಆಗ ಎದ್ದವರು ನಿಮ್ಮ ಅವ್ವ. ಕಮಳಾಬಾಯಿ ಸಭೆಯಲ್ಲಿ ಮಾತನಾಡಿದ್ದನ್ನು ಯಾರೂ ನೋಡಿರಲಿಲ್ಲ. ಬೇವಿನ ಬೊಡ್ಡೆಗೆ ಕೈಕೊಟ್ಟು ನಿಂತು ಹೇಳಿದರು: “ತಮ್ಮಾ ತುಳಜಾರಾಮ, ಹದಿನಾಲ್ಕನೇ ವರ್ಷಕ್ಕ ನನ್ನ ಹೆಸರ ತವರಿಂದ ಕಿತ್ತು ಕೊಹಿನೂರಾಗ ಹಚ್ಚಿದ್ರು. ನನಗ ಯಾರೂ ಕೇಳಲಿಲ್ಲ. ನಿನ್ನ ಹೇಣ್ತಿಗಿ ಕೇಳೀದೇನು? ಸೊಸಿಗಿ ಕೇಳೀದೇನು? ನಾವೇನು ಸತ್ತೇವಾ? ಗಂಡಸರ ಹೆಸರಿಗಷ್ಟೇ ಏನು ಬೇರು ಇರ್ತಾವ?” ಹೆಂಗಸರೆಲ್ಲ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕರು. ತುಳಜಾರಾಮ ಮಾವನೂ ತಲೆ ಕೆರೆದುಕೊಂಡು ನಕ್ಕರು. ಆದರೂ ಹಟ ಬಿಡಲಿಲ್ಲ. ನಿನ್ನ ಮಾತು ಖರೆ ಕಮಳಕ್ಕ, ಆದ್ರ ನಿನ್ನ ಮಗ ಹೂಂ ಅಂದಾನೇನು ಎಂದು ಕೇಳಿ ಎದ್ದು ಹೋದರು. ಇಲ್ಲಿಯ ತನಕ ಅರವತ್ತೊಂದು ಮನೆಯವರು ವಿಳಾಸ ಬದಲಿಸಿದ್ದಾರೆ. ಹುಡಗಿಯವರು ಬಂದರೆ ನೂರಾ ಒಂಬತ್ತಾಗುತ್ತದೆ. ಬರದಿದ್ದರೆ ಕಡತ ಮುಚ್ಚುತ್ತದೆ.

ಈಗ ನಿಮ್ಮ ಅಪ್ಪನ ಮಾತಿಗೆ ಬರುತ್ತೇನೆ, ಕಾಗದ ಹರಿಯಬೇಡಿ. ಕೊಹಿನೂರಿನಲ್ಲಿ ಮತದಾರರ ಪಟ್ಟಿ ಬರೆದಾಗ ನೀವು ಹುಟ್ಟಿರಲಿಲ್ಲ. ಮೊನ್ನೆ ಜೋಳ ಹಸನು ಮಾಡುತ್ತ ಅತ್ತೆ ನನಗೆ ಹೇಳಿದರು. ಪಟ್ಟಿ ಬರೆಯಲು ಬಂದವನು ನಮ್ಮ ಓಣಿಯ ತನಕ ಬರಲೇ ಇಲ್ಲ, ಚಾವಡಿಯಲ್ಲಿ ಕೂತು ಬರೆದು ಹೋದ. ಓಣಿಯ ಮೂವತ್ತೆಂಟು ಮನೆ ಬಿಟ್ಟುಹೋದವು. ನಿಮ್ಮ ಅಪ್ಪ ಬಸವಕಲ್ಯಾಣಕ್ಕೆ ನಡೆದು ಹೋಗಿ ಕಚೇರಿಯ ಮೆಟ್ಟಿಲ ಮೇಲೆ ಮೂರು ದಿನ ಕೂತರು. ನಾಲ್ಕನೆಯ ದಿನ ಒಬ್ಬ ಗುಮಾಸ್ತ ಓಣಿಗೆ ಬಂದು ಬಾಗಿಲು ಬಾಗಿಲಿಗೆ ಹೆಸರು ಕೇಳಿದ. ನೀವು ಇದನ್ನು ಕೊಹಿನೂರಿನ ಕಥೆ ಎಂದುಕೊಂಡು ಎದೆಯಲ್ಲಿಟ್ಟುಕೊಂಡಿದ್ದೀರಿ. ನನಗೆ ಕಂಡದ್ದು ಬೇರೆ. ನಾವು ಎಲ್ಲಿ ಬದುಕುತ್ತೇವೋ ಅಲ್ಲಿಗೆ ಬಂದು ನಮ್ಮನ್ನು ಬರೆದುಕೊಳ್ಳಿ ಎಂದು ಅವರು ಕೂತರು. ಇವತ್ತು ಇದ್ದಿದ್ದರೆ ಆ ವರಾಂಡದಲ್ಲಿ ನನ್ನ ಪಕ್ಕ ಕೂತಿರುತ್ತಿದ್ದರು, ನನ್ನ ಡಬ್ಬಿಯಿಂದಲೇ ರೊಟ್ಟಿ ತಿನ್ನುತ್ತಿದ್ದರು. ನೀವು ಅವರ ಹೆಸರು ಕಾಯುತ್ತಿದ್ದೀರಿ, ನಾನು ಅವರ ಕೆಲಸ ಮಾಡುತ್ತಿದ್ದೇನೆ. ಇದಕ್ಕೆ ನಿಮ್ಮ ಅಪ್ಪಣೆ ಕೇಳಬೇಕೆಂದು ನನಗೆ ಅನಿಸುತ್ತಿಲ್ಲ. ಕೊಹಿನೂರಿನಲ್ಲಿ ನಮ್ಮನ್ನು ಊರ ಹೊರಗೆ ಇಟ್ಟಿದ್ದರು. ಇಲ್ಲಿಯೂ ಊರ ಹೊರಗೇ ಇದ್ದೇವೆ, ಸುಳ್ಳು ಯಾಕೆ ಹೇಳಲಿ. ಆದರೆ ಈ ಹೊರಗನ್ನು ನಮ್ಮ ಕೈಯಿಂದ ಕಟ್ಟಿಕೊಂಡಿದ್ದೇವೆ, ತುಳಜಾರಾಮ ಮಾವನ ಗೋಡೆಗೂ ನಮ್ಮ ಗೋಡೆಗೂ ನಡುವೆ ಒಂದೇ ಸಂದಿ, ಖಮರುದ್ದೀನ್ ಚಾಚಾನ ನಲ್ಲಿಗೂ ನಮ್ಮದಕ್ಕೂ ಒಂದೇ ಪೈಪು. ಕೊಹಿನೂರಿನ ಪಟ್ಟಿಯಲ್ಲಿ ಹೆಸರಿದ್ದ ಇಷ್ಟು ವರ್ಷದಲ್ಲಿ ಇಷ್ಟು ಹತ್ತಿರ ಯಾರಾದರೂ ನಮ್ಮನ್ನು ಬಿಟ್ಟುಕೊಂಡಿದ್ದರೇ?

ಸಿಟ್ಟು ಬಂದಿರಬಹುದು. ಬರಲಿ. ಊಟ ಬಿಡಬೇಡಿ, ಗುಟಕಾ ಬಿಡಿ. ಬೆನ್ನಿಗೆ ಹಚ್ಚುವ ಎಣ್ಣೆ ಸಿರಾಜುದ್ದೀನನ ಕೈಯಲ್ಲಿ ಕಳಿಸಿದ್ದೇನೆ, ಶೇಂಗಾ ಹಿಂಡಿಯೂ ಇದೆ, ಖೋಲಿಯವರಿಗೆಲ್ಲ ಹಂಚಿ ನೀವು ಖಾಲಿ ಡಬ್ಬಿ ನೋಡುತ್ತ ಕೂಡಬೇಡಿ. ಅವ್ವ ಆಶೀರ್ವಾದ ಹೇಳಿದ್ದಾರೆ. ಹಲ್ಲಿಲ್ಲದ ಪ್ರಜ್ಞಾ ಒಂದು ಮುತ್ತು ಕಳಿಸಿದ್ದಾಳೆ.

ನಿಮ್ಮ ಜೊತೆ ಜಗಳಾಡುತ್ತಲೇ ಬಾಳುವ,
ಸುಮೇಧಾ

ತಾ.ಕ: ಅವಸರದಲ್ಲಿ ಮುಖ್ಯ ಮಾತೇ ಬಿಟ್ಟೆ. ಲಾರಿ ಹೊರಟು ನಿಂತಿದೆ. 16ನೇ ತಾರೀಖು ಸೋಮವಾರ ಬೆಳಗ್ಗೆ ಹನ್ನೊಂದಕ್ಕೆ ಕಂಪ್ಯೂಟರ್ ಅಂಗಡಿಯ ಸಂಘರತ್ನ ಲ್ಯಾಪ್‌ಟಾಪ್ ತಂದು ನಮ್ಮ ಕಟ್ಟೆಯ ಮೇಲೆ ಕೂಡುತ್ತಾನೆ. ವಿಳಾಸ ಬದಲಿಸಲು ನಿಮ್ಮ ಆಧಾರ ನಂಬರು ಹಾಕುತ್ತೇವೆ. ನಿಮ್ಮ ಮೊಬೈಲಿಗೆ ಆರು ಅಂಕಿಯ ಒಟಿಪಿ ಬರುತ್ತದೆ, ಹತ್ತು ನಿಮಿಷ ಮಾತ್ರ ಇರುತ್ತದೆ. ಆ ಹೊತ್ತಿಗೆ ಲಾರಿ ಬದಿಗೆ ಹಚ್ಚಿ. ತುಳಜಾರಾಮ ಮಾವನನ್ನು ಎದುರಿಗೇ ಕೂಡಿಸಿರುತ್ತೇನೆ, ಫೋನು ಸ್ಪೀಕರಿನಲ್ಲಿ ಇರುತ್ತದೆ. ಆರು ಅಂಕಿ ಹೇಳಿ. ಹೇಳುವುದಿಲ್ಲ ಎನ್ನುವುದಾದರೆ ನನಗೆ ಹೇಳಬೇಡಿ. ಫೋನು ಹಿಡಿದಿರುವವರು ನಿಮ್ಮ ಅವ್ವ.